ಸ್ಕ್ರಾಲ್ ಲಾಕ್ ಇಲ್ಲದ ಕೀಬೋರ್ಡಿನಲ್ಲಿ ನುಡಿ

ಕನ್ನಡ ಟೈಪಿಂಗ್ ತಂತ್ರಾಂಶವಾದ ನುಡಿ 4.0ರಲ್ಲಿ ಕನ್ನಡಕ್ಕೂ ಇಂಗ್ಲಿಷಿಗೂ ಹೊರಳಲು ಒತ್ತುವುದು ಸ್ಕ್ರಾಲ್ ಲಾಕ್. ಅಗ್ಗಕ್ಕೆ ಸಿಗುವ 61 ಕೀಲಿಯ ಪುಟ್ಟ ಕೀಬೋರ್ಡುಗಳಲ್ಲಿ ಆ ಕೀಲಿಯೇ ಇರುವುದಿಲ್ಲ. ಹಾಗಾಗಿ ಶಿವಮೊಗ್ಗದ ನಮ್ಮ ಡಿಟಿಪಿ ಕೆಲಸಕ್ಕೆ ಕೀಬೋರ್ಡ್ ಆರಿಸುವಾಗ, ಅದರ ತಂತ್ರಾಂಶದ ಕೀಲಿಪಟ್ಟಿಯಲ್ಲಿ ಸ್ಕ್ರಾಲ್ ಲಾಕ್ ಇದೆಯೇ ಎಂದು ಮೊದಲು ಹುಡುಕುತ್ತೇನೆ. ಇದ್ದರೆ ಕ್ಯಾಪ್ಸ್ ಲಾಕ್ ಜಾಗಕ್ಕೆ ಹಾಕುತ್ತೇನೆ. ನುಡಿಯಲ್ಲಿ ಮಹಾಪ್ರಾಣಕ್ಕೆ ಶಿಫ್ಟ್ ಸಾಕು, ಕ್ಯಾಪ್ಸ್ ಲಾಕ್ ಬೇಕಿಲ್ಲ.

ಮುಂದಿನದು ಮುಖ್ಯ ಪರೀಕ್ಷೆ. ಬದಲಾವಣೆ ಉಳಿಸಿ, ಕೇಬಲ್ ಕಿತ್ತು, ನುಡಿ ಇದ್ದು ಕೀಬೋರ್ಡಿನ ತಂತ್ರಾಂಶ ಇಲ್ಲದ ಬೇರೆ ಕಂಪ್ಯೂಟರಿಗೆ ಹಾಕಿ ನೋಡಬೇಕು. ಅಲ್ಲೂ ನುಡಿ ಹೊರಳಿದರೆ ಬದಲಾವಣೆ ಕೀಬೋರ್ಡಿನೊಳಗೇ ಕೂತಿದೆ. ಹೊರಳದಿದ್ದರೆ ಅದು ವಿಂಡೋಸ್‌ನಲ್ಲಿ ಓಡುವ ತಂತ್ರಾಂಶದ ಕೆಲಸ ಅಷ್ಟೆ. ಅಂಥದ್ದನ್ನು ನಾನು ವಾಪಸ್ ಕಳಿಸುತ್ತೇನೆ.

ಕೀಲಿ ಬದಲಿಸುವ ತಂತ್ರಾಂಶಗಳಾದ ವಿಯಾ ಅಥವಾ ವಯಲ್ ಒಪ್ಪುವ ಕೀಬೋರ್ಡ್ ಸಿಕ್ಕರೆ ಒಳ್ಳೆಯದು. ವಿಯಾ ಕ್ರೋಮ್‌ನಲ್ಲೇ ತೆರೆಯುತ್ತದೆ, ಫೈರ್‌ಫಾಕ್ಸ್‌ನಲ್ಲಿ ಆಗದು. ಬ್ಲೂಟೂತ್ ಬಿಟ್ಟು ಕೇಬಲ್‌ನಲ್ಲೇ ಜೋಡಿಸಬೇಕು. ಕೀಬೋರ್ಡ್ ಗುರುತು ಸಿಗದಿದ್ದರೆ ಮಾರಿದವರಿಂದ ಆ ಕೀಬೋರ್ಡಿನ ವಿವರವಿರುವ ಜೇಸನ್ (JSON) ಕಡತ ಕೇಳಿ ಪಡೆದು, ಸೆಟ್ಟಿಂಗ್ಸ್‌ನಲ್ಲಿ ಡಿಸೈನ್ ಟ್ಯಾಬ್ ಚಾಲೂ ಮಾಡಿ ಅಲ್ಲಿ ಲೋಡ್ ಮಾಡಿ. ಕೀಲಿ ಬದಲಿಸಿದರೂ ಏನೂ ಆಗದಿದ್ದರೆ ಪಕ್ಕದ ಮ್ಯಾಕ್–ವಿಂಡೋಸ್ ಸ್ವಿಚ್ ನೋಡಿ. ಕೀಲಿ ಜೋಡಣೆಯ ಒಂದೊಂದು ಪದರಕ್ಕೆ ಲೇಯರ್ ಎನ್ನುತ್ತಾರೆ; ಹಲವು ಕೀಬೋರ್ಡುಗಳಲ್ಲಿ ಲೇಯರ್ 0 ಮ್ಯಾಕ್‌ಗೆ, ಲೇಯರ್ 2 ವಿಂಡೋಸ್‌ಗೆ. ನೀವು ಬದಲಿಸಿದ್ದು ಬಳಕೆಯಲ್ಲಿಲ್ಲದ ಲೇಯರ್ ಆಗಿರಬಹುದು.

ಒಂದೇ ಕೀಲಿಗೆ ಹಲವು ಕೀಲಿಗಳ ಸರಣಿ ತುಂಬಿಡುವ ಮ್ಯಾಕ್ರೋ ವಿಷಯದಲ್ಲಿ ಹೆಚ್ಚಿನವರು ಎಡವುತ್ತಾರೆ. ಕೀಬೋರ್ಡಿಗೆ ಕನ್ನಡ ಗೊತ್ತಿಲ್ಲ, ಅದು ಕಳಿಸುವುದು ಕೀಲಿಯ ಸಂಕೇತ. ಅಕ್ಷರ ಕಟ್ಟುವುದು ನುಡಿ. ಮ್ಯಾಕ್ರೋದಲ್ಲಿ ‘ಶಿವಮೊಗ್ಗ’ ಎಂದು ಕನ್ನಡದಲ್ಲಿ ಅಂಟಿಸಿದರೆ ಕೆಲಸವಾಗದು. ಶಿಫ್ಟ್ ಎಸ್, ಐ, ವಿ, ಎಂ, ಓ, ಜಿ, ಎಫ್, ಜಿ ಎಂದು ಕೀಲಿಗಳಾಗಿಯೇ ತುಂಬಬೇಕು. ಒತ್ತಕ್ಷರ ಮೂಡಿಸುವುದು ಎಫ್. ಮ್ಯಾಕ್ರೋ ಓಡುವಾಗ ನುಡಿ ಕನ್ನಡದಲ್ಲೇ ಇರಬೇಕು. ವೇಗ ಹೆಚ್ಚಾದರೆ ಶಿಫ್ಟ್ ತಪ್ಪಿ ‘ಸಿವಮೊಗ್ಗ’ ಎಂದೋ, ಎಫ್ ತಪ್ಪಿ ‘ಶಿವಮೊಗಗ’ ಎಂದೋ ಬೀಳುತ್ತದೆ. ಕೀಲಿಗಳ ನಡುವೆ 30 ಮಿಲಿಸೆಕೆಂಡ್ ತಡೆ ಹಾಕಿ, ಇಪ್ಪತ್ತು ಸಲ ಓಡಿಸಿ, ಒಂದೊಂದು ಸಾಲನ್ನೂ ಓದಿ. ತಪ್ಪಿದರೆ 50ಕ್ಕೆ ಏರಿಸಿ.

ಮೂರು ಕೀಲಿ ಒಟ್ಟಿಗೆ ಒತ್ತಿದಾಗ ಒಂದು ಬಾರದೇ ಹೋದರೆ, ಹೆಚ್ಚಾಗಿ ಒಳಗಿನ ತಂತಿಜಾಲದಲ್ಲಿ ಡಯೋಡ್ (ವಿದ್ಯುತ್ತನ್ನು ಒಂದೇ ದಿಕ್ಕಿಗೆ ಬಿಡುವ ಬಿಡಿಭಾಗ) ಇರುವುದಿಲ್ಲ. ತಂತ್ರಾಂಶದಿಂದ ಅದು ಸರಿಹೋಗದು.

ಕೀಬೋರ್ಡಿನೊಳಗಿನ ತಂತ್ರಾಂಶವಾದ ಫರ್ಮ್‌ವೇರ್ ಹಾಕುವುದಿದ್ದರೆ ಬ್ಯಾಟರಿ ತುಂಬಿದ ಲ್ಯಾಪ್‌ಟಾಪಿನಲ್ಲೇ ಹಾಕಿ. ಆಷಾಢದ ಮಳೆಗೆ ಕರೆಂಟ್ ಯಾವಾಗ ಹೋಗುತ್ತದೋ ಹೇಳಲಾಗದು, ಅರ್ಧಕ್ಕೆ ನಿಂತರೆ ಕೀಬೋರ್ಡ್ ಏಳದೇ ಹೋಗಬಹುದು. ಫರ್ಮ್‌ವೇರ್ ಹಾಕಿದಾಗ ಕೀಲಿ ಜೋಡಣೆ ಅಳಿಸಿಹೋಗಬಹುದು, ಆದ್ದರಿಂದ ಮೊದಲೇ ವಿಯಾದಲ್ಲಿ ‘ಸೇವ್’ ಒತ್ತಿ ಕಡತ ಇಳಿಸಿಟ್ಟುಕೊಳ್ಳಿ.