ಹದ್ದುಬಸ್ತಿಗೆ ಹೈಕೋರ್ಟಾ ಅಂತ ನಕ್ಕವರೇ ಈಗ ವಕೀಲರ ನಂಬರ್ ಕೇಳ್ತಿದ್ದಾರೆ

ಹೋದ ತಿಂಗಳು ಕಲ್ಲು ನೆಟ್ಟಾಯಿತು. ಹದ್ದುಬಸ್ತಿಗೆ, ಅಂದರೆ ನಮ್ಮ ಹೊಲ ಅಳೆದು ಗಡಿ ಗುರುತಿಸಿ ಕೊಡಿ ಅಂತ ಅರ್ಜಿ ಹಾಕಿ ಹೆಚ್ಚುಕಡಿಮೆ ಎರಡೂವರೆ ವರ್ಷವಾಗಿತ್ತು. ಸರ್ವೆಯರ್ ಎರಡು ಸಲ ದಿನ ಕೊಟ್ಟು ಬರಲಿಲ್ಲ, ಮೂರನೇ ಸಲ ಬಂದವರು ಟಿಪ್ಪಣಿ (ಹೊಲದ ಹಳೆಯ ಅಳತೆ ನಕ್ಷೆ) ಹರಿದಿದೆ ಅಂದು ಚಹಾ ಕುಡಿದು ಹೋದರು.

ನಾನೂ ಮೊದಲು ದಾರಿ ತಪ್ಪಿದವನೇ. ಪಕ್ಕದ ಹೊಲದವರ ಮೇಲೆ ಸಿವಿಲ್ ದಾವೆ ಹಾಕಿ, ಅಳತೆಗೆ ಕೋರ್ಟ್ ಕಮಿಷನರ್, ಅಂದರೆ ಸ್ಥಳ ನೋಡಿ ವರದಿ ಕೊಡಲು ಕೋರ್ಟೇ ಕಳಿಸುವವರನ್ನು ಕೇಳಿದೆ. ಹತ್ತು ತಿಂಗಳು, 40 ಸಾವಿರ. ಕಮಿಷನರ್ ಆಗಿ ನೇಮಕವಾದದ್ದು ಯಾರು ಗೊತ್ತಾ? ಅದೇ ಕಚೇರಿಯ ಸರ್ವೆಯರ್! ಮತ್ತೆ ಅದೇ ಸರದಿ. ದಾವೆ ವಾಪಸ್ ತಗೊಂಡೆ.

ಖಾಸಗಿಯವರಿಂದ ಮಷೀನ್ ಇಟ್ಟು ಅಳೆಸಿದ್ದಕ್ಕೆ 8 ಸಾವಿರ ಹೋಯಿತು. ಪಕ್ಕದವರು ಅದನ್ನ ಕಣ್ಣೆತ್ತಿಯೂ ನೋಡಲಿಲ್ಲ. ಸುಮ್ನೆ ಕುತೂಹಲಕ್ಕೆ ಮೊಬೈಲ್ ಆ್ಯಪ್ ಹಿಡಿದು ಬದುವಿನ ಮೇಲೆ ಮೂರು ಸುತ್ತು ನಡೆದೆ, ಮೂರು ಸಲವೂ ಬೇರೆ ಬೇರೆ ಲೆಕ್ಕ. ಒಮ್ಮೆಯಂತೂ ಪಹಣಿಗಿಂತ 4 ಗುಂಟೆ ಜಾಸ್ತಿ ಬಂತು, ಖುಷಿಯಾಯಿತು ಬಿಡಿ.

ಕೆಲಸಕ್ಕೆ ಬಂದದ್ದು 10 ರೂಪಾಯಿಯ ಪೋಸ್ಟಲ್ ಆರ್ಡರ್. ನನ್ನ ಅರ್ಜಿಯ ನಂತರ ಬಂದವುಗಳಲ್ಲಿ ಎಷ್ಟು ಅಳತೆಯಾಗಿವೆ ಅಂತ ಮಾಹಿತಿ ಹಕ್ಕಿನಲ್ಲಿ ಕೇಳಿದೆ. ಮೂವತ್ತರ ಹತ್ತಿರ ಆಗಿದ್ದವು.

ಆ ಪಟ್ಟಿ ಹಿಡಿದು ಹೈಕೋರ್ಟಿನ ಧಾರವಾಡ ಪೀಠಕ್ಕೆ ಸಂವಿಧಾನದ 226ನೇ ವಿಧಿಯಡಿ ರಿಟ್ (ಸರ್ಕಾರಿ ಕಚೇರಿಗೆ ಅದರ ಕೆಲಸ ಮಾಡು ಅಂತ ಆದೇಶಿಸಿ ಎಂದು ಕೇಳುವ ಅರ್ಜಿ) ಹಾಕಿದೆ. "ಎರಡು ಗುಂಟೆ ಸಲುವಾಗಿ ಹೈಕೋರ್ಟಿಗೆ ಹೊಂಟಿಯೇನೋ ತಮ್ಮಾ?" ಅಂತ ಕಾಕಾ ಕಟ್ಟೆ ಮೇಲೆ ಎಲ್ಲರೆದುರು ನಕ್ಕಿದ್ದರು. ಮೊದಲ ರಿಟ್ ನೆಲಕಚ್ಚಿತು, ಕಾಕಾ ಮತ್ತೆ ನಕ್ಕರು. ಕಚೇರಿಗೆ ಲಿಖಿತ ಮನವಿ ಕೊಟ್ಟು ಸೀಲು ಹಾಕಿಸಿಕೊಂಡಿರಲಿಲ್ಲ, ಜೊತೆಗೆ ಒತ್ತುವರಿ ಬಿಡಿಸಿ ಕೊಡಿ ಅಂತಲೂ ಕೇಳಿದ್ದೆವು. ಒತ್ತುವರಿ ಬಿಡಿಸೋದು ಸಿವಿಲ್ ಕೋರ್ಟಿನ ಕೆಲಸ ಅಂತ ಹೈಕೋರ್ಟಿನಲ್ಲಿ ಅಂದರು. 12 ಸಾವಿರ ನೀರಿಗೆ.

ಎರಡನೇ ಸಲ ವಕೀಲರ ಹತ್ತಿರ ನಾನೇ ಹಟ ಮಾಡಿದೆ. ಜಾಗ ನಮ್ಮದು ಅನ್ನೋ ಮಾತೇ ಬೇಡ ಸರ್, ಅರ್ಜಿ ಇತ್ಯರ್ಥ ಮಾಡಿ ಅಂತಷ್ಟೇ ಕೇಳಿ ಅಂದೆ. ಸರ್ಕಾರಿ ವಕೀಲರು ಅಲ್ಲೇ ನೋಟಿಸ್ ತಗೊಂಡರು, ಎರಡನೇ ದಿನಕ್ಕೆ ಮುಗಿಯಿತು. ಅಕ್ಕಪಕ್ಕದವರಿಗೆ ನೋಟಿಸ್ ಕೊಟ್ಟು ಮೂರು ತಿಂಗಳೊಳಗೆ ಕಾನೂನಿನಂತೆ ಇತ್ಯರ್ಥ ಮಾಡಿ ಅಂತ ಆದೇಶ. ವಕೀಲರಿಗೆ 25 ಸಾವಿರ ಕೊಟ್ಟೆ.

ಆದೇಶದ ಪ್ರತಿ ಕೊಟ್ಟ ಮೇಲೂ ಕಚೇರಿ ಅಲ್ಲಾಡಲಿಲ್ಲ. ಎಂಬತ್ತು ದಿನದ ಹೊತ್ತಿಗೆ ಒಂದು ಪತ್ರ ಬರೆದೆ. ಅದರಲ್ಲಿ ನ್ಯಾಯಾಂಗ ನಿಂದನೆ ಅನ್ನೋ ಮಾತು ಒಂದೇ ಕಡೆ ಇತ್ತು. ಯಾರಿಗೆ ಬರೆದೆ, ಪ್ರತಿ ಯಾರಿಗೆ ಹಾಕಿದೆ ಅನ್ನೋದು ನನ್ನಲ್ಲೇ ಇರಲಿ. ನಾಲ್ಕೈದು ದಿನಕ್ಕೆ ಅಳತೆಯ ನೋಟಿಸ್ ಬಂತು, ಹರಿದ ಟಿಪ್ಪಣಿಗೂ ದಾರಿ ಸಿಕ್ಕಿತು.

ಎಲ್ಲ ಸೇರಿ 90 ಸಾವಿರದ ಮೇಲಾಗಿದೆ. ನೇರ ರಿಟ್‌ಗೆ ಹೋಗಿದ್ದರೆ 30ರಲ್ಲಿ ಆಗುತ್ತಿತ್ತು.

ಉತ್ತರದ ಕಡೆ ಎರಡೂವರೆ ಗುಂಟೆ ನಮಗೆ ಬಂತು. ದಕ್ಷಿಣದ ಕಡೆ ಅಪ್ಪ ನೆಟ್ಟಿದ್ದ ಎರಡು ತೆಂಗಿನ ಮರ ಕಾಕಾನ ಹೊಲದಲ್ಲಿವೆ ಅಂತಾಯಿತು. ಈಗ ಅವರು ನಗುತ್ತಿಲ್ಲ, ಎಳನೀರು ಕಳಿಸ್ತಾರೆ.