ಕೂಲಿಯ ಲೆಕ್ಕವನ್ನು ಕ್ಯಾಮೆರಾ ಮುಂದೆ ಇಟ್ಟ ಬಗೆ

ಕಾರ್ಮಿಕರ ಶೋಷಣೆಯ ಸಾಕ್ಷ್ಯಚಿತ್ರ ಅಂದ ಕೂಡಲೇ ಬೆವರು, ಹೊಗೆ, ಅಳುವ ಮುಖ ನೆನಪಾಗುತ್ತವೆ, ಅಲ್ವಾ? ನನ್ನ ಚಿತ್ರದಲ್ಲಿ ಇವನ್ನು ಆದಷ್ಟು ಕಡಿಮೆ ಇಟ್ಟೆ. ಅಳುವವರನ್ನು ನೋಡಿ ಜನ ಮರುಗುತ್ತಾರೆ. ಅವರ ದುಡ್ಡು ಯಾರ ಜೇಬಿಗೆ ಹೋಯಿತು ಅಂತ ಕೇಳುವುದಿಲ್ಲ. ನನಗೆ ಬೇಕಿದ್ದದ್ದು ಆ ಪ್ರಶ್ನೆ.

ಹಾಗಾಗಿ ಸಂಬಳದ ಚೀಟಿ, ಹಾಜರಿ ಪುಸ್ತಕ, ಮುಂಗಡ ಬರೆದ ಹಾಳೆಗಳಿಂದ ಶುರು ಮಾಡಿದೆ. "ಕಷ್ಟ ಹೇಳಿಕೊಳ್ಳಿ" ಅನ್ನುವ ಬದಲು "ಇದನ್ನು ಓದಿ ಹೇಳ್ತೀರಾ?" ಅಂತ ಕೇಳುತ್ತಿದ್ದೆ. ಕ್ಯಾಮೆರಾ ಮೇಲಿನಿಂದ, ಕಾಣುವುದು ಚೀಟಿ ಮತ್ತು ಬೆರಳು ಮಾತ್ರ. ವಸತಿಗೆ ಕಡಿತ, ಊಟಕ್ಕೆ ಕಡಿತ, ಉಪಕರಣಕ್ಕೆ ಕಡಿತ, ಕೆಲಸ ಕೊಡಿಸಿದವನ ಕಮಿಷನ್. ಎಷ್ಟು ದುಡಿದೆ ಅಂತ ಹೇಳಲು ಶುರು ಮಾಡಿದವರು ಕೊನೆಯ ಸಾಲಿಗೆ ಬರುವಾಗ ಇನ್ನೆಷ್ಟು ಸಾಲ ತೀರಿಸಬೇಕು ಅಂತ ಹೇಳುತ್ತಿರುತ್ತಾರೆ. ಈ ಶಾಟ್‌ಗಳನ್ನು ನಾನು ಕತ್ತರಿಸಲಿಲ್ಲ. ಬೆರಳು ನಿಂತಲ್ಲಿ ಚಿತ್ರವೂ ನಿಲ್ಲುತ್ತದೆ.

ಪ್ರಶ್ನೆ ಸಿದ್ಧ ಮಾಡಿಕೊಳ್ಳಲು ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯ ಪಟ್ಟಿ ನೆರವಾಯಿತು. ಬಲವಂತದ ದುಡಿಮೆಗೆ ಅದು 11 ಗುರುತುಗಳನ್ನು ಕೊಡುತ್ತದೆ: ಸಾಲದ ಬಂಧನ, ಸಂಬಳ ತಡೆಹಿಡಿಯುವುದು, ಗುರುತಿನ ಪತ್ರ ಕಿತ್ತಿಟ್ಟುಕೊಳ್ಳುವುದು, ಮಿತಿಮೀರಿದ ಓವರ್‌ಟೈಮ್ ಹೀಗೆ. ಇಂಥ ದುಡಿಮೆಯಲ್ಲಿ ಸಿಕ್ಕಿಕೊಂಡವರು ಜಗತ್ತಿನಲ್ಲಿ 2.76 ಕೋಟಿ ಅಂತ 2022ರ ಅದರ ಅಂದಾಜು. ಸರಪಳಿ, ಬೀಗ ಹುಡುಕಿಕೊಂಡು ಹೋದರೆ ಇವರಲ್ಲಿ ಎಷ್ಟೋ ಜನ ಕಣ್ಣಿಗೇ ಬೀಳುವುದಿಲ್ಲ.

ಒಪ್ಪಿಗೆ ಪತ್ರದ್ದು ಬೇರೆಯದೇ ತಲೆನೋವು. ಖಾಲಿ ಹಾಳೆಗೆ ಸಹಿ ಹಾಕಿಸಿಕೊಂಡು ಮೋಸ ಮಾಡಿದ್ದನ್ನು ಕಂಡವರ ಮುಂದೆ ನಾನೂ ಹೋಗಿ ಹಾಳೆ ಹಿಡಿದರೆ? ಅದಕ್ಕೇ ಬಾಯಿಮಾತಿನ ಒಪ್ಪಿಗೆಯನ್ನು ರೆಕಾರ್ಡ್ ಮಾಡಿಕೊಂಡೆ. ರಫ್ ಕಟ್, ಅಂದರೆ ಚಿತ್ರದ ಮೊದಲ ಕಚ್ಚಾ ಜೋಡಣೆ, ತೋರಿಸಿ ಮತ್ತೊಮ್ಮೆ ಕೇಳಿದೆ. ಬೇಡ ಅಂದವರ ಭಾಗ ತೆಗೆದೆ, ಕಾರಣ ಕೇಳಲಿಲ್ಲ.

ಮುಖ ಮಸುಕು ಮಾಡಿದರೆ ಸಾಲದು. ಕೈಬರಹ, ಬಳೆ, ಗಾಯದ ಗುರುತು, ಚೀಟಿಯ ಮೇಲಿನ ನಂಬರ್, ಯಾವುದರಿಂದ ಬೇಕಾದರೂ ಮೇಸ್ತ್ರಿ ಆಳನ್ನು ಪತ್ತೆ ಹಚ್ಚಬಹುದು. ದನಿಯನ್ನು ಸುಮ್ನೆ ದಪ್ಪ ಮಾಡಿದರೆ ಅದನ್ನು ಮೊದಲಿನಂತೆ ಮಾಡುವುದು ಕಷ್ಟವಲ್ಲ. ಅಪಾಯ ಇದ್ದಲ್ಲಿ ಅವರ ಮಾತನ್ನು ಬೇರೆಯವರಿಂದ ಓದಿಸಿದೆ, ಚೀಟಿಯನ್ನು ಹೊಸದಾಗಿ ಬರೆಸಿದೆ. ಹಾಗೆ ಮಾಡಿದ್ದನ್ನು ತೆರೆಯ ಮೇಲೆ ಹೇಳಿಯೂ ಇದೆ.

ಮಾತಿಗೆ ದುಡ್ಡು ಕೊಡಲಿಲ್ಲ. ಚಿತ್ರೀಕರಣದಿಂದ ಕೂಲಿ ತಪ್ಪಿದ್ದರೆ ಅಷ್ಟನ್ನು ಕೊಟ್ಟೆ, ಅವರು ಏನೇ ಹೇಳಿರಲಿ. ನಮ್ಮ ತಂಡದ ಹುಡುಗರಿಗೂ ಓವರ್‌ಟೈಮ್ ಕೊಟ್ಟೆವು. ಶೋಷಣೆಯ ಚಿತ್ರಕ್ಕೆ ಬಿಟ್ಟಿ ದುಡಿಸುವವರನ್ನು ಸಾಕಷ್ಟು ನೋಡಿದ್ದೇನೆ.

ಮಾಲೀಕರಿಗೆ ಪ್ರಶ್ನೆಗಳನ್ನು ಬರೆದು ಕಳಿಸಿದ್ದು ಕೊನೆಗೆ. ಯಾರ ಹೆಸರನ್ನೂ ಎತ್ತದೆ ಕಡಿತಗಳ ಬಗ್ಗೆ ಮಾತ್ರ ಕೇಳಿದೆ. ಎಲ್ಲ ಕಡೆ ಹೀಗೇ ನಡೆಯುತ್ತದೆ ಅಂತ ಒಬ್ಬರು ಉತ್ತರ ಬರೆದರು. ಅದನ್ನು ಒಂದಕ್ಷರ ಬಿಡದೆ ಚಿತ್ರದಲ್ಲಿ ಹಾಕಿದೆ, ಚೀಟಿ ಓದುವ ದೃಶ್ಯದ ಬೆನ್ನಿಗೇ.