ಹಳೇ ಗೈಡ್‌ಬುಕ್ ಹಿಡಿದು ಗ್ರೀಸ್ ದ್ವೀಪಕ್ಕೆ: ಯಾವ ಸಾಲು ನಂಬಬೇಕು, ಯಾವುದು ಬೇಡ?

ಬೆಂಗಳೂರಿನ ಚರ್ಚ್ ಸ್ಟ್ರೀಟ್‌ನ ಬ್ಲಾಸಮ್ ಪುಸ್ತಕದಂಗಡಿಯಲ್ಲಿ ನನಗೆ ಗ್ರೀಸ್ ದ್ವೀಪಗಳ ಗೈಡ್‌ಬುಕ್ ಒಂದು ಸಿಕ್ಕಿತು. ಸೆಕೆಂಡ್ ಹ್ಯಾಂಡ್. 2014ರ ಮುದ್ರಣ. ಬೆನ್ನು ಬಿಟ್ಟುಕೊಂಡಿತ್ತು, ಒಳಗೆ ಸ್ವಲ್ಪ ಮರಳೂ ಇತ್ತು. ನಾಕ್ಸೋಸ್ ದ್ವೀಪದ ಪುಟದಲ್ಲಿ ಹಿಂದಿನ ಯಜಮಾನರು ಯಾರೋ ಪೆನ್ಸಿಲ್‌ನಲ್ಲಿ ‘ಗಾಳಿ, ಹುಷಾರ್’ ಅಂತ ಇಂಗ್ಲಿಷ್‌ನಲ್ಲಿ ಬರೆದು ಕೆಳಗೆ ಎರಡು ಗೆರೆ ಎಳೆದಿದ್ದರು. ನಾನು ನಕ್ಕು ಪುಟ ತಿರುಗಿಸಿದೆ. ಆ ನಗುವಿನ ಬಿಲ್ಲು ಆಮೇಲೆ ಬಂತು, ಅದನ್ನು ಮುಂದೆ ಹೇಳುತ್ತೇನೆ.

‘ಫೋನ್ ಇರುವಾಗ ಗೈಡ್‌ಬುಕ್ ಯಾಕೆ?’ ಅಂತ ಮನೆಯಲ್ಲಿ ಎಲ್ಲರೂ ಕೇಳಿದರು. ಒಳ್ಳೆಯ ಪ್ರಶ್ನೆಯೇ. ಹತ್ತು ವರ್ಷದ ಹಿಂದಿನ ಹೋಟೆಲ್ ಬೆಲೆ ಕಟ್ಟಿಕೊಂಡು ಏನು ಮಾಡುವುದು? ಆದರೆ ಗೈಡ್‌ಬುಕ್ಕಿನ ಎಲ್ಲ ಸಾಲುಗಳಿಗೂ ಒಂದೇ ಆಯಸ್ಸು ಇರುವುದಿಲ್ಲ. ಕೆಲವು ಹಾಲಿನ ಹಾಗೆ, ಬೇಗ ಒಡೆಯುತ್ತವೆ: ಬೆಲೆ, ಟೈಮಿಂಗ್, ಹೋಟೆಲ್, ಬಸ್ ನಂಬರು. ಕೆಲವು ಉಪ್ಪಿನಕಾಯಿಯ ಹಾಗೆ, ವರ್ಷಗಟ್ಟಲೆ ಕೆಡುವುದಿಲ್ಲ: ಗಾಳಿ, ಬೆಟ್ಟ, ಬಂದರು, ಯಾವ ದ್ವೀಪದ ಪಕ್ಕ ಯಾವುದು, ಊಟದ ಹೆಸರು. ಎರಡನ್ನೂ ಬೇರೆ ಮಾಡಿ ಓದುವುದು ಗೊತ್ತಿದ್ದರೆ ಮುನ್ನೂರು ರೂಪಾಯಿಯ ಹಳೇ ಪುಸ್ತಕವೂ ಸಾಕು.

ಹೆಜ್ಜೆ 1: ಮುಖಪುಟ ಬಿಡಿ, ಸಣ್ಣ ಅಕ್ಷರ ಓದಿ

ನೀಲಿ ಗುಮ್ಮಟದ ಫೋಟೊಗೆ ಮರುಳಾಗಬೇಡಿ. ಎಲ್ಲ ಪ್ರಕಾಶಕರ ಹತ್ತಿರವೂ ಅದೇ ಗುಮ್ಮಟ ಇರುತ್ತದೆ. ಟೈಟಲ್ ಪುಟದ ಹಿಂದೆ, ಇಲ್ಲವೇ ಕೊನೆಯ ಪುಟದಲ್ಲಿ, ಸಣ್ಣ ಅಕ್ಷರದಲ್ಲಿ ಎಷ್ಟನೇ ಆವೃತ್ತಿ, ಯಾವ ವರ್ಷ ಅಂತ ಇರುತ್ತದೆ. ಲೇಖಕರು ಊರೂರು ಸುತ್ತಿದ್ದು ಅದಕ್ಕೂ ಮುಂಚೆ ಅನ್ನುವುದು ನೆನಪಿರಲಿ. 2014ರ ಪುಸ್ತಕ ಅಂದರೆ 2013ರ ಗ್ರೀಸ್ ಅಂತಲೇ ಲೆಕ್ಕ.

ಇದು ಎಷ್ಟು ಮುಖ್ಯ ಗೊತ್ತಾ? ಕ್ರೊಯೇಷಿಯಾ 2023ರ ಜನವರಿ 1ರಂದು ಯೂರೊಗೂ ಷೆಂಗೆನ್‌ಗೂ (ಒಂದೇ ವೀಸಾದಲ್ಲಿ ಸುತ್ತಬಹುದಾದ ಯುರೋಪಿನ ದೇಶಗಳ ಕೂಟ) ಒಟ್ಟಿಗೇ ಸೇರಿತು. ಅದಕ್ಕೆ ಮುಂಚಿನ ಗೈಡ್ ಹಿಡಿದರೆ ಎಲ್ಲ ಬೆಲೆಯೂ ಕೂನಾ ಅನ್ನುವ ಹಳೆಯ ಹಣದಲ್ಲಿರುತ್ತದೆ, ವೀಸಾ ಲೆಕ್ಕವೂ ಬೇರೆ ಇರುತ್ತದೆ. ಬಲ್ಗೇರಿಯಾ ಯೂರೊಗೆ ಬಂದದ್ದು 2026ರ ಜನವರಿಯಲ್ಲಿ.

ಹೆಜ್ಜೆ 2: ಯಾರ ಕಣ್ಣಲ್ಲಿ ಊರು ನೋಡಬೇಕು?

ಗೈಡ್‌ಗಳಿಗೂ ಸ್ವಭಾವ ಇರುತ್ತದೆ. 1973ರಲ್ಲಿ ಶುರುವಾದ ಲೋನ್ಲಿ ಪ್ಲಾನೆಟ್ ಬೆನ್ನಿಗೆ ಬ್ಯಾಗ್ ಹಾಕಿ ಹೊರಟವರ ಕೂಸು. ಬಸ್ಸು, ಹಡಗು, ರೂಮು ಅದಕ್ಕೆ ಮುಖ್ಯ. ರಫ್ ಗೈಡ್ಸ್‌ನ ಮೊದಲ ಪುಸ್ತಕ 1982ರದು, ಅದು ಗ್ರೀಸ್ ಬಗ್ಗೆಯೇ. ಊರಿನ ರಾಜಕೀಯ, ಸಂಗೀತ ಇವೂ ಅದರಲ್ಲಿ ಸಿಗುತ್ತವೆ. 1918ರಿಂದ ಬರುತ್ತಿರುವ ಬ್ಲೂ ಗೈಡ್ ಕಲ್ಲು, ಕಂಬ, ಚಿತ್ರ ನೋಡುವವರಿಗೆ. ಓದಲು ಸ್ವಲ್ಪ ತಾಳ್ಮೆ ಬೇಕು. ಡಿಕೆ ಪ್ರಕಾಶನದವರದು ಚಿತ್ರದ ಪುಸ್ತಕ, ಕಟ್ಟಡಗಳನ್ನು ಹೋಳು ಮಾಡಿ ಒಳಗಿರುವುದನ್ನು ತೋರಿಸುತ್ತದೆ. ಮಕ್ಕಳ ಜೊತೆ ಹೋಗುವವರು ಅದನ್ನೇ ತೆಗೆದುಕೊಳ್ಳಿ. ಅಮೆರಿಕದ ರಿಕ್ ಸ್ಟೀವ್ಸ್ ಎಲ್ಲ ಊರನ್ನೂ ಹೇಳುವುದಿಲ್ಲ. ಕೆಲವನ್ನೇ ಆರಿಸಿ, ಉಳಿದದ್ದು ಬಿಡಿ ಅನ್ನುತ್ತಾರೆ.

ಅಂಗಡಿಯಲ್ಲಿ ನಿಂತು ಒಂದು ಪರೀಕ್ಷೆ ಮಾಡಿ. ಎರಡು ಗೈಡ್ ತೆಗೆದುಕೊಂಡು ಒಂದೇ ಊರಿನ ಪುಟ ಓದಿ. ಯಾವುದು ‘ಇಲ್ಲಿಗೆ ಹೋಗಬೇಡಿ’ ಅಂತ ಒಂದು ಕಡೆಯಾದರೂ ಹೇಳುತ್ತದೋ ಅದನ್ನು ಕೊಳ್ಳಿ. ಎಲ್ಲವನ್ನೂ ಹೊಗಳುವ ಪುಸ್ತಕ ಮದುವೆ ಬ್ರೋಕರ್ ಇದ್ದ ಹಾಗೆ.

ಹೆಜ್ಜೆ 3: ಓದುವ ಮೊದಲು ಮ್ಯಾಪು

ನಾವು ಮಾಡುವ ದೊಡ್ಡ ತಪ್ಪು ಇದು. ಸ್ಯಾಂಟೊರಿನಿ, ಕ್ರೀಟ್, ಕೋರ್ಫು ಅಂತ ಮೂರು ಹೆಸರು ಬರೆದುಕೊಂಡು ಒಂದು ವಾರ ರಜೆ ಹಾಕುತ್ತೇವೆ. ಮ್ಯಾಪು ತೆಗೆದರೆ ಕೋರ್ಫು ಪಶ್ಚಿಮದಲ್ಲಿ, ಅಲ್ಬೇನಿಯಾದ ಪಕ್ಕ. ಸ್ಯಾಂಟೊರಿನಿ ಇನ್ನೊಂದು ಸಮುದ್ರದಲ್ಲಿ. ಕಾರವಾರದಲ್ಲಿ ತಿಂಡಿ ತಿಂದು ಚೆನ್ನೈನಲ್ಲಿ ಊಟ ಮಾಡುತ್ತೇನೆ ಅಂದ ಹಾಗೆ. ಆದ್ದರಿಂದ ಮೊದಲು ಗುಂಪು ಆರಿಸಿ. ಮೊದಲ ಸಲಕ್ಕೆ ನಾಕ್ಸೋಸ್, ಸ್ಯಾಂಟೊರಿನಿ ಇರುವ ಸಿಕ್ಲಡೀಸ್ ಗುಂಪು ಸುಲಭ, ದ್ವೀಪದಿಂದ ದ್ವೀಪಕ್ಕೆ ಹಡಗು ಜಾಸ್ತಿ. ನಾಕ್ಸೋಸ್‌ನಿಂದ ಸ್ಯಾಂಟೊರಿನಿಗೆ ಎರಡು ಗಂಟೆಯ ಆಸುಪಾಸು. ಅಥೆನ್ಸ್‌ನ ಬಂದರು ಪಿರೇಯಸ್‌ನಿಂದ ಸ್ಯಾಂಟೊರಿನಿಗೆ ದೊಡ್ಡ ಹಡಗಿನಲ್ಲಿ ಎಂಟು ಗಂಟೆ ಹಿಡಿಯುತ್ತದೆ.

ಮ್ಯಾಪಿನ ಜೊತೆ ಹೆಸರುಗಳನ್ನೂ ನೋಡಿಕೊಳ್ಳಿ. ಹಡಗಿನ ಬೋರ್ಡಿನಲ್ಲಿ ಸ್ಯಾಂಟೊರಿನಿ ಅಂತಲೇ ಇರುತ್ತದೆ ಅಂತ ಹೇಳಲಾಗದು, ‘ಥೀರಾ’ ಅಂತಲೂ ಇರಬಹುದು. ಕೋರ್ಫುವಿಗೆ ಅಲ್ಲಿಯವರು ‘ಕೆರ್ಕೀರಾ’ ಅನ್ನುತ್ತಾರೆ. ಸೂರ್ಯಾಸ್ತಕ್ಕೆ ಹೆಸರಾದ ಊರನ್ನು ‘ಓಯಿಯಾ’ ಅಂತ ಓದಬೇಡಿ, ಅದು ‘ಈಯಾ’. ಇನ್ನು ‘ಹೋರಾ’ ಅಂದರೆ ದ್ವೀಪದ ಮುಖ್ಯ ಪೇಟೆ, ಹಾಗಾಗಿ ಬಹಳ ದ್ವೀಪಗಳಲ್ಲಿ ಒಂದೊಂದು ಹೋರಾ ಇದೆ. ‘ಹೋರಾದಲ್ಲಿ ರೂಮ್ ಬುಕ್ ಮಾಡಿದ್ದೇನೆ’ ಅಂದರೆ ಸಾಲದು, ಯಾವ ಹೋರಾ ಅಂತ ಕೇಳಬೇಕು.

ಹೆಜ್ಜೆ 4: ಹಾಲಿನ ಸಾಲಿಗೆ ಪೆನ್ಸಿಲ್ ಚುಕ್ಕಿ

ಈಗ ಪೆನ್ಸಿಲ್ ಹಿಡಿದು ಕೂತು, ಅಂಕಿ ಇರುವ ಪ್ರತಿ ಸಾಲಿಗೂ ಒಂದು ಚುಕ್ಕಿ ಇಡಿ. ಚುಕ್ಕಿ ಇರುವುದನ್ನೆಲ್ಲ ಫೋನಿನಲ್ಲಿ ಮತ್ತೆ ನೋಡಿ. ನನ್ನ ಪುಸ್ತಕದಲ್ಲಿ ಅಕ್ರೊಪೊಲಿಸ್, ಅಂದರೆ ಅಥೆನ್ಸ್‌ನ ಹಳೆಯ ಗುಡಿಗಳ ಗುಡ್ಡದ ಟಿಕೆಟ್ 12 ಯೂರೊ ಇತ್ತು. 2025ರ ಏಪ್ರಿಲ್‌ನಿಂದ ಅದು 30. ಈಗ ಯಾವ ಗಂಟೆಗೆ ಒಳಗೆ ಹೋಗುತ್ತೀರಿ ಅಂತಲೂ ಟಿಕೆಟ್ ಕೊಳ್ಳುವಾಗಲೇ ಆರಿಸಬೇಕು.

ಅಂಕಿ ಇಲ್ಲದೆಯೂ ಕೆಡುವ ಸಾಲು ಇರುತ್ತವೆ. ಏರ್‌ಪೋರ್ಟಿನಿಂದ ಪಿರೇಯಸ್‌ಗೆ ಮೆಟ್ರೊದಲ್ಲಿ ಹೋಗಲು ‘ಮೊನಾಸ್ತಿರಾಕಿಯಲ್ಲಿ ಇಳಿದು ಹಸಿರು ಲೈನ್ ಹಿಡಿಯಿರಿ’ ಅಂತ ಹಳೆಯ ಪುಸ್ತಕ ಹೇಳುತ್ತದೆ. 2022ರ ಅಕ್ಟೋಬರ್‌ನಿಂದ ನೀಲಿ ಲೈನೇ ನೇರ ಬಂದರಿನವರೆಗೆ ಹೋಗುತ್ತದೆ. ಸೂಟ್‌ಕೇಸ್ ಎಳೆದುಕೊಂಡು ಮೆಟ್ಟಿಲು ಹತ್ತಿ ಇಳಿಯುವುದು ತಪ್ಪಿತಲ್ಲ!

ಹೋಟೆಲ್, ರೆಸ್ಟೊರೆಂಟ್ ಪಟ್ಟಿಯನ್ನು ನಾನು ಓದುವುದೇ ಇಲ್ಲ. ಯಾವ ಬೀದಿಯಲ್ಲಿ ಜಾಸ್ತಿ ಇವೆ ಅಂತ ನೋಡಿಕೊಂಡರೆ ಮುಗಿಯಿತು.

ಹೆಜ್ಜೆ 5: ಇದು ನಮಗಾಗಿ ಬರೆದದ್ದಲ್ಲ

ಗೈಡ್ ಬರೆಯುವವರ ಮನಸ್ಸಿನಲ್ಲಿ ಬ್ರಿಟನ್ನಿನ, ಅಮೆರಿಕದ ಓದುಗರು ಇರುತ್ತಾರೆ. ‘ವೀಸಾ ಬೇಕಿಲ್ಲ’ ಅಂದಿದ್ದರೆ ಅದು ಅವರಿಗೆ. ನಮಗೆ ಷೆಂಗೆನ್ ವೀಸಾ ಬೇಕೇ ಬೇಕು. ಶುಲ್ಕ ದೊಡ್ಡವರಿಗೆ 90 ಯೂರೊ. ಕನಿಷ್ಠ 30,000 ಯೂರೊ ಮೊತ್ತದ ಪ್ರಯಾಣ ವಿಮೆ ಬೇಕು. ಆರು ತಿಂಗಳ ಮುಂಚಿನಿಂದ ಅರ್ಜಿ ಹಾಕಬಹುದು, 15 ದಿನಕ್ಕಿಂತ ತಡ ಮಾಡುವಂತಿಲ್ಲ. ಎರಡು ಮೂರು ದೇಶ ಇದ್ದರೆ ಎಲ್ಲಿ ಜಾಸ್ತಿ ದಿನ ಇರುತ್ತೀರೋ ಆ ದೇಶಕ್ಕೆ ಅರ್ಜಿ. 2025ರ ಅಕ್ಟೋಬರ್‌ನಿಂದ ಗಡಿಯಲ್ಲಿ ಬೆರಳಚ್ಚು, ಫೋಟೊ ತೆಗೆದುಕೊಳ್ಳುವ ಹೊಸ ವ್ಯವಸ್ಥೆಯೂ ಶುರುವಾಗಿದೆ. ಹಳೆಯ ಗೈಡಿನಲ್ಲಿ ಇದರ ಸುದ್ದಿಯೇ ಇರುವುದಿಲ್ಲ, ಸಾಲಿನಲ್ಲಿ ನಿಲ್ಲಲು ಸ್ವಲ್ಪ ಟೈಮ್ ಇಟ್ಟುಕೊಳ್ಳಿ.

ಸ್ಕೂಟರ್, ಕಾರು ಬಾಡಿಗೆಯ ಪುಟವೂ ಹಾಗೇ. ನಮ್ಮ ಲೈಸೆನ್ಸ್ ಜೊತೆ ಇಂಟರ್‌ನ್ಯಾಷನಲ್ ಪರ್ಮಿಟ್ ಬೇಕು. ಹೊರಡುವ ಮುಂಚೆ ಆರ್‌ಟಿಒದಲ್ಲಿ ಮಾಡಿಸಿ, ಒಂದು ವರ್ಷ ನಡೆಯುತ್ತದೆ.

ಊಟದ ಪುಟ ಮಾತ್ರ ಬಂಗಾರ. ಸಸ್ಯಾಹಾರಿಗಳಿಗೆ ಅಂತ ಬೇರೆ ಬಾಕ್ಸ್ ಇದ್ದರೆ ಅದನ್ನು ಬಿಟ್ಟು, ಕೊನೆಯಲ್ಲಿರುವ ಪದಕೋಶ ತೆಗೆಯಿರಿ. ಅಲ್ಲಿ ಹುಡುಕಬೇಕಾದ ಪದ ‘ನಿಸ್ತೀಸಿಮೊ’. ಅಂದರೆ ಉಪವಾಸದ ಅಡುಗೆ. ಗ್ರೀಸ್‌ನ ಆರ್ಥೊಡಾಕ್ಸ್ ಕ್ರೈಸ್ತರು ವ್ರತದ ದಿನಗಳಲ್ಲಿ ಮಾಂಸ, ಮೊಟ್ಟೆ, ಹಾಲು ಮುಟ್ಟುವುದಿಲ್ಲ. ಏಕಾದಶಿ ಮಾಡುವ ಮನೆಯವರಿಗೆ ಇದು ಥಟ್ಟನೆ ಅರ್ಥವಾಗುತ್ತದೆ, ಅಲ್ವಾ? ಒಂದೇ ಎಚ್ಚರಿಕೆ: ಸಿಗಡಿ, ಕಪ್ಪೆಚಿಪ್ಪು ಅವರ ವ್ರತಕ್ಕೆ ನಡೆಯುತ್ತದೆ, ಅದನ್ನು ಕೇಳಿಕೊಳ್ಳಿ. ಸ್ಯಾಂಟೊರಿನಿಯ ‘ಫಾವಾ’ ತರಿಸಿ. ಹಳದಿ ಬೇಳೆ ಬೇಯಿಸಿ ನುಣ್ಣಗೆ ಮಾಡಿ, ಮೇಲೆ ಆಲಿವ್ ಎಣ್ಣೆ, ಹಸಿ ಈರುಳ್ಳಿ. ನಮ್ಮಮ್ಮ ಒಂದು ತುತ್ತು ತಿಂದು, ‘ತೊವ್ವೆ ಕಣೋ, ಒಗ್ಗರಣೆ ಮರೆತಿದ್ದಾರೆ’ ಅಂದರು.

ಪದಕೋಶದಲ್ಲೇ ಇನ್ನೊಂದು ಸಾಲು ಬಾಯಿಪಾಠ ಮಾಡಿ. ಗ್ರೀಕ್‌ನಲ್ಲಿ ‘ನೆ’ ಅಂದರೆ ಹೌದು, ‘ಓಹಿ’ ಅಂದರೆ ಇಲ್ಲ. ನಮ್ಮ ಕಿವಿಗೆ ಎರಡೂ ಉಲ್ಟಾ ಕೇಳುತ್ತವೆ. ‘ಮಾಂಸ ಇದೆಯಾ?’ ಅಂತ ಕೇಳಿ, ‘ನೆ’ ಅಂದದ್ದಕ್ಕೆ ಖುಷಿಯಿಂದ ತಟ್ಟೆಗೆ ಕೈ ಹಾಕಿದ್ದೆ.

ಹೆಜ್ಜೆ 6: ಗಾಳಿಯ ಸಾಲನ್ನು ಎರಡು ಸಲ ಓದಿ

ಪ್ರತಿ ದ್ವೀಪದ ಗೈಡಿನಲ್ಲೂ ಹವಾಮಾನ ಅಂತ ಅರ್ಧ ಪುಟ ಇರುತ್ತದೆ. ಯಾರೂ ಓದುವುದಿಲ್ಲ. ‘ಬೇಸಿಗೆಯಲ್ಲಿ ಬಿಸಿಲು’ ಅಂತ ಓದಲು ಪುಸ್ತಕ ಬೇಕಾ ಅಂತ ನಾನೂ ಬಿಟ್ಟಿದ್ದೆ. ಅಲ್ಲೇ ಇತ್ತು ‘ಮೆಲ್ಟೆಮಿ’. ಏಜಿಯನ್ ಸಮುದ್ರದ ಮೇಲೆ ಉತ್ತರದಿಂದ ಬೀಸುವ ಒಣ ಗಾಳಿ. ಜುಲೈ, ಆಗಸ್ಟ್‌ನಲ್ಲಿ ಜೋರು. ನಮ್ಮ ಮುಂಗಾರಿನ ಹಾಗೆ ಮೋಡ ಕಟ್ಟಿ, ಗುಡುಗಿ ಹೇಳಿ ಬರುವುದಿಲ್ಲ. ಆಕಾಶ ಶುಭ್ರ ನೀಲಿ, ಒಂದು ಮೋಡ ಇಲ್ಲ, ಆದರೆ ಟೇಬಲ್ ಮೇಲಿನ ಗ್ಲಾಸ್ ಹಾರಿ ಹೋಗುತ್ತದೆ.

ನಾವು ಆಗಸ್ಟ್ ಕೊನೆಯಲ್ಲಿ ನಾಕ್ಸೋಸ್‌ನಲ್ಲಿದ್ದೆವು. ಸಂಜೆ ಬಂದರಿನ ಪಕ್ಕದ ಪೋರ್ಟಾರಾ ನೋಡಲು ಹೋದೆವು. ಮುಗಿಯದೇ ಉಳಿದ ಅಪೊಲೊ ಗುಡಿಯ ದೊಡ್ಡ ಅಮೃತಶಿಲೆಯ ಬಾಗಿಲು ಅದು. ಗುಡಿ ಇಲ್ಲ, ಬಾಗಿಲು ಮಾತ್ರ ಸಮುದ್ರಕ್ಕೆ ಎದುರಾಗಿ ನಿಂತಿದೆ. ಅಲ್ಲಿಗೆ ಹೋಗುವ ಕಟ್ಟೆಯ ಮೇಲೆ ಅಮ್ಮನ ಸೆರಗು ಪಟದ ಹಾಗೆ ಎದ್ದಿತು. ಅಲೆಯ ನೀರು ನಮ್ಮ ಮೇಲೆಲ್ಲ ಎರಚಿತು. ಒಳ್ಳೇ ಮಜಾ ಅಂತ ಫೋಟೊ ತೆಗೆದುಕೊಂಡೆವು.

ಬೆಳಗ್ಗೆ ಬಂದರಿಗೆ ಹೋದರೆ ನಮ್ಮ ವೇಗದ ದೋಣಿ ರದ್ದು. ಆಫೀಸಿನಾಕೆ ಭುಜ ಕುಣಿಸಿ ‘ಮೆಲ್ಟೆಮಿ’ ಅಂದಳು. ನಮ್ಮಲ್ಲಿ ‘ಕರೆಂಟ್ ಇಲ್ಲ’ ಅಂದ ಹಾಗೆ ಅಷ್ಟು ಸಲೀಸಾಗಿ. ಅಥೆನ್ಸ್‌ನಲ್ಲಿ ದುಡ್ಡು ಕಟ್ಟಿದ್ದ ರೂಮು ಖಾಲಿ ಉಳಿಯಿತು. ವಿಮಾನ ಮರುದಿನ ರಾತ್ರಿ ಇದ್ದದ್ದರಿಂದ ಬಚಾವಾದೆವು.

ಇದರಿಂದ ಕಲಿತ ಲೆಕ್ಕ ಹೀಗೆ. ದ್ವೀಪದಿಂದ ವಾಪಸ್ ಬರುವ ದಿನವೇ ಊರಿಗೆ ವಿಮಾನ ಹತ್ತಬೇಡಿ, ನಡುವೆ ಒಂದು ರಾತ್ರಿ ಅಥೆನ್ಸ್‌ನಲ್ಲಿ ಇಡಿ. ಅಥೆನ್ಸ್ ನೋಡುವುದನ್ನು ಕೊನೆಗೆ ಇಟ್ಟುಕೊಂಡರೆ ಆ ದಿನ ವ್ಯರ್ಥವೂ ಆಗುವುದಿಲ್ಲ. ವೇಗದ ಕ್ಯಾಟಮರಾನ್ ದೋಣಿಗಳು ಗಾಳಿಗೆ ಬೇಗ ನಿಲ್ಲುತ್ತವೆ, ದೊಡ್ಡ ಹಡಗು ನಿಧಾನ, ಆದರೆ ಜಾಸ್ತಿ ಗಾಳಿ ತಡೆಯುತ್ತದೆ. ಜುಲೈ, ಆಗಸ್ಟ್‌ನಲ್ಲಿ ದೊಡ್ಡದನ್ನೇ ಬುಕ್ ಮಾಡಿ. ಮೇ ಕೊನೆ, ಜೂನ್ ಮೊದಲಲ್ಲಿ ಹೋಗುವುದಾದರೆ ಈ ತಲೆನೋವು ಕಡಿಮೆ. ಬೀಚು ಆರಿಸುವಾಗಲೂ ಇದೇ ಉಪಾಯ: ಉತ್ತರದ ಗಾಳಿ ಬೀಸುವ ದಿನ ದ್ವೀಪದ ದಕ್ಷಿಣದ ಮಗ್ಗುಲಿಗೆ ಹೋಗಿ.

ರೂಮಿಗೆ ಬಂದು ಪುಸ್ತಕ ತೆಗೆದೆ. ಆ ಪೆನ್ಸಿಲ್ ಗೆರೆಗಳು ಹಾಗೇ ಇದ್ದವು.

ಹೆಜ್ಜೆ 7: ಹರಿಯಿರಿ

ಎಂಟುನೂರು ಪುಟ ಹೊತ್ತು ತಿರುಗಬೇಡಿ. ಬೇಕಾದ ದ್ವೀಪದ ಅಧ್ಯಾಯವನ್ನು ಬ್ಲೇಡಿನಲ್ಲಿ ಕತ್ತರಿಸಿ ಸ್ಟೇಪಲ್ ಹಾಕಿ. ಸರಸ್ವತಿಗೆ ಅವಮಾನ ಅಂತ ಅಮ್ಮ ಗೊಣಗಿದರು. ಪುಸ್ತಕ ಹರಿಯಿರಿ ಅಂತ ರಿಕ್ ಸ್ಟೀವ್ಸ್ ತಮ್ಮ ಓದುಗರಿಗೆ ತಾವೇ ಹೇಳುತ್ತಾರೆ ಅಂದೆ. ಅಮ್ಮ ಒಪ್ಪಲಿಲ್ಲ. ಕೊನೆಗೆ ಜೆರಾಕ್ಸ್ ಮಾಡಿಸಿದೆ, ಅದೂ ನಡೆಯುತ್ತದೆ.

ಹೆಜ್ಜೆ 8: ಇತಿಹಾಸದ ಪುಟವನ್ನು ಹಡಗಿನಲ್ಲಿ ಓದಿ

ಮನೆಯಲ್ಲಿ ಓದಿದರೆ ನಿದ್ದೆ ಬರುತ್ತದೆ. ಹಡಗಿನ ಡೆಕ್ ಮೇಲೆ ಓದಿದರೆ ಎದುರಿಗೇ ಇರುತ್ತದೆ. ಸ್ಯಾಂಟೊರಿನಿ ಹತ್ತಿರ ಬಂದಾಗ ಹಡಗು ನೀರು ತುಂಬಿದ ಜ್ವಾಲಾಮುಖಿಯ ಬಾಯೊಳಗೇ ಹೋಗುತ್ತದೆ. ಸುತ್ತ ಕಡಿದ ಗೋಡೆ, ತುದಿಯಲ್ಲಿ ಬಿಳಿ ಮನೆಗಳು. ಸುಮಾರು 3,600 ವರ್ಷಗಳ ಹಿಂದೆ ಅದು ಸಿಡಿದಾಗ ಅಕ್ರೊಟಿರಿ ಅನ್ನುವ ಊರು ಬೂದಿಯಲ್ಲಿ ಹೂತುಹೋಯಿತು. 1967ರಲ್ಲಿ ಗ್ರೀಸ್‌ನ ಪುರಾತತ್ವಜ್ಞ ಸ್ಪಿರಿಡಾನ್ ಮರಿನಾತೋಸ್ ಅಲ್ಲಿ ಅಗೆಸಲು ಶುರುಮಾಡಿದರು. ಮನೆ, ಮೆಟ್ಟಿಲು, ಕಾಳಿನ ಗಡಿಗೆ, ಗೋಡೆ ಚಿತ್ರ ಎಲ್ಲ ಸಿಕ್ಕವು. ಮನುಷ್ಯರ ಮೂಳೆ ಸಿಗಲಿಲ್ಲ. ಮೊದಲೇ ಊರು ಬಿಟ್ಟಿದ್ದರು.

ಆ ಗೋಡೆ ಚಿತ್ರಗಳಲ್ಲಿ ಒಂದು, ಬಂಡೆ ಹತ್ತುತ್ತಿರುವ ನೀಲಿ ಕೋತಿಗಳದು. ಫಿರಾ ಪೇಟೆಯ ಮ್ಯೂಸಿಯಂನಲ್ಲಿದೆ. ನನ್ನ ಪುಸ್ತಕದಲ್ಲಿ ಅದಕ್ಕೆ ಒಂದೇ ಸಾಲು. ಇತಿಹಾಸ ಉಪ್ಪಿನಕಾಯಿಯ ಸಾಲು, ಕೆಡುವುದಿಲ್ಲ ಅಂತ ಪೆನ್ಸಿಲ್ ಮುಟ್ಟಿಸಿರಲಿಲ್ಲ. ಆಮೇಲೆ ಗೊತ್ತಾಯಿತು, 2019ರಲ್ಲಿ ಪ್ರಾಣಿಶಾಸ್ತ್ರ ಬಲ್ಲವರೂ ಕಲೆ ಓದಿದವರೂ ಒಟ್ಟಿಗೆ ಕೂತು ಆ ಕೋತಿಗಳ ಬಾಲ ನೋಡಿದ್ದಾರೆ. ಬಾಲ ಮೇಲಕ್ಕೆ ಎತ್ತಿ ಬಾಗಿರುವ ರೀತಿ ನೋಡಿ, ಇವು ಭಾರತದ ಕಡೆಯ ಲಂಗೂರ್ ಅಂದಿದ್ದಾರೆ. ಅಂದರೆ ನಮ್ಮ ಮುಸುವ! ಹಂಪಿಯ ಬಂಡೆ ಮೇಲೆ ಕೂತು ನಮ್ಮ ಬಾಳೆಹಣ್ಣು ಕಸಿಯುವ ಅದೇ ವಂಶ.

ನಮ್ಮ ಪ್ರತಿಯಲ್ಲಿ ಈಗ ಮೂರು ಕೈಬರಹ ಇವೆ. ಹಳೇ ಯಜಮಾನರ ‘ಗಾಳಿ, ಹುಷಾರ್’. ಅದರ ಕೆಳಗೆ ನನ್ನದು: ‘ಹೌದು ಸ್ವಾಮಿ’. ಅಕ್ರೊಟಿರಿ ಪುಟದ ಅಂಚಿನಲ್ಲಿ ಅಮ್ಮನ ದುಂಡು ಅಕ್ಷರ: ‘ಮುಸುವ. ತಪ್ಪದೆ ನೋಡಿ.’ ಬರುವ ಮೇನಲ್ಲಿ ಹೊರಡುವ ತಂಗಿಗೆ ಪುಸ್ತಕ ಕೊಟ್ಟಿದ್ದೇನೆ. ಪೆನ್ಸಿಲ್ ಒಳಗೇ ಇದೆ.